ಕ್ಯಾಮೆರಾ ಕೋರ್ಸ್ ಆಮೇಲೆ, ಮೊದಲು ನಾಲ್ಕನೇ ಕ್ಲಾಸಿಗೆ ಹೋಗಿ

ಕೊಪ್ಪಳ ಬಿಟ್ಟು ಬೆಂಗಳೂರಿಗೆ ಹೋಗಿ ಕ್ಯಾಮೆರಾ, ಎಡಿಟಿಂಗ್ ಕಲಿತರೆ ಮಕ್ಕಳ ಶೈಕ್ಷಣಿಕ ಟಿವಿಯಲ್ಲಿ ನಿರ್ಮಾಪಕ ಆಗಬಹುದಾ ಅಂತ ಕೇಳಿದ್ದೀರಿ. ನಾನೂ ಇದೇ ಲೆಕ್ಕ ಹಾಕಿಕೊಂಡು ಬಸ್ ಹತ್ತಿದವನೇ.

ಈ ಹುಚ್ಚು ಹತ್ತಿಸಿದ್ದು ನಮ್ಮಪ್ಪ. ಶಾಲೆ ಮಾಸ್ತರು. 1975ರ ಆಗಸ್ಟ್‌ನಿಂದ ಒಂದು ವರ್ಷ ಇಸ್ರೊದವರು ನಾಸಾದ ಎಟಿಎಸ್-6 ಉಪಗ್ರಹದಿಂದ ಆರು ರಾಜ್ಯಗಳ 2,400 ಹಳ್ಳಿಗಳಿಗೆ ಟಿವಿ ತೋರಿಸಿದರಲ್ಲ, 'ಸೈಟ್' ಅಂತ, ಅದರಲ್ಲಿ ರಾಯಚೂರು ಜಿಲ್ಲೆಯೂ ಇತ್ತು. ಕೊಪ್ಪಳ ಆಗ ರಾಯಚೂರಿಗೇ ಸೇರಿತ್ತು. ಅಪ್ಪನ ಶಾಲೆಗೂ ಒಂದು ಸೆಟ್ ಬಂತು, ಜೊತೆಗೆ ಕೋಳಿ ಗೂಡಿಗೆ ಹಾಕುವಂಥ ಜಾಲರಿಯ ದೊಡ್ಡ ಆಂಟೆನಾ. ಬೆಳಿಗ್ಗೆ ಮಕ್ಕಳಿಗೆ ಕನ್ನಡದಲ್ಲಿ ಕಾರ್ಯಕ್ರಮ. ಟಿವಿ ಹಚ್ಚೋದಷ್ಟೇ ಅಲ್ಲ, ಮುಗಿದ ಮೇಲೆ ಮಕ್ಕಳನ್ನು ಮಾತಾಡಿಸೋದೇ ದೊಡ್ಡ ಕೆಲಸ ಅಂತ ಅಪ್ಪ ಹೇಳುತ್ತಿದ್ದರು. ನಾನು ಟಿವಿ ಅನ್ನೋದನ್ನಷ್ಟೇ ಕೇಳಿಸಿಕೊಂಡೆ.

ಬೆಂಗಳೂರಲ್ಲಿ ಕಲಿತೆ, ಸಹಾಯಕನಾಗಿ ದುಡಿದೆ, ಕೊನೆಗೆ ಒಂದು ಸಂಸ್ಥೆಯವರು ಪ್ರಾಥಮಿಕ ಶಾಲೆಗಳಿಗೆ ವಿಜ್ಞಾನದ ಸರಣಿ ಮಾಡಿಕೊಡಿ ಅಂದರು. ಮೊದಲ ಕಂತು ನೀರು ಆವಿಯಾಗೋದರ ಬಗ್ಗೆ. ಎರಡು ಒದ್ದೆ ಸ್ಲೇಟು, ಒಂದು ಬಿಸಿಲಲ್ಲಿ, ಒಂದು ನೆರಳಲ್ಲಿ. ಯಾವುದು ಮೊದಲು ಒಣಗುತ್ತೆ ಅಂತ ನಿರೂಪಕಿ ಕೇಳುತ್ತಾಳೆ. ಆ ಪ್ರಶ್ನೆ ಆದ ಮೇಲೆ ಮಕ್ಕಳು ಯೋಚಿಸಿ ಕೂಗೋಕೆ ಜಾಗ ಬಿಡಬೇಕು ತಾನೇ? ನನಗೆ ಅದು ಖಾಲಿ ಅನ್ನಿಸಿತು, ತಬಲಾ ತುಂಬಿಸಿದೆ. ಮಾತಿನ ಕೆಳಗೂ ಕೊಳಲು ಓಡಿಸಿದೆ. ಎಲ್ಲಾ ಮಾಡಿದ್ದು ಹೆಡ್‌ಫೋನ್ ಹಾಕಿಕೊಂಡು. ಹೆಡ್‌ಫೋನಲ್ಲಿ ಮಾತು, ಸಂಗೀತ ಬಿಡಿಬಿಡಿಯಾಗಿ ಕೇಳುತ್ತವೆ, ಅಲ್ಲೇ ನಾವು ಮೋಸ ಹೋಗೋದು. ಶಾಲೆ ಟಿವಿಗೆ ಇರೋದು ಸಣ್ಣ ಸ್ಪೀಕರ್, ಮೇಲೆ ತಗಡು, ಸುತ್ತ ಬರಿಗೋಡೆ, ಒಂದು ಶಬ್ದ ಕೋಣೆಯಲ್ಲಿ ಇನ್ನೂ ಗುಂಯ್ ಅಂತಿರುವಾಗಲೇ ಮುಂದಿನದು ಬಂದು ಬೀಳುತ್ತೆ, ಅದರ ಮೇಲೆ ಕೊಳಲೂ ಸೇರಿದರೆ ಹಿಂದೆ ಕೂತವರಿಗೆ ಬರೀ ಗದ್ದಲ.

ಗಂಗಾವತಿ ಕಡೆಯ ಒಂದು ಶಾಲೆಯಲ್ಲಿ ತೋರಿಸಿದಾಗ ಮುಂದಿನ ಸಾಲು ನಕ್ಕ ಮೇಲೆ ಹಿಂದಿನ ಸಾಲು ನಗುತ್ತಿತ್ತು. ಅವರು ನಕ್ಕರು ಅಂತ ಇವರು ನಗೋದು, ಅಷ್ಟೇ. ಹಿಂದೆ ಕೂತಿದ್ದ ಒಂದು ಹುಡುಗಿಯನ್ನು ಹೇಗಿತ್ತಮ್ಮಾ ಅಂತ ಕೇಳಿದೆ. "ಹಾಡು ಚಲೋ ಇತ್ರಿ ಸರ್" ಅಂದಳು. ಅದರಲ್ಲಿ ಹಾಡೇ ಇರಲಿಲ್ಲ.

ಅಷ್ಟೊತ್ತಿಗೆ ಉಳಿದ ಕಂತುಗಳೂ ಹಾಗೇ ತಯಾರಾಗಿದ್ದವು. ಮಾತು, ಸಂಗೀತ ಒಂದೇ ಟ್ರ್ಯಾಕಿನಲ್ಲಿ ಕೂಡಿಸಿ, ಜಾಗ ಉಳಿಯಲಿ ಅಂತ ಬಿಡಿ ಫೈಲುಗಳನ್ನು ಅಳಿಸಿಬಿಟ್ಟಿದ್ದೆ. ಮತ್ತೆ ಡಬ್ಬಿಂಗ್ ಮಾಡಿಸಿದ್ದು ಕೈಯಿಂದ ದುಡ್ಡು ಹಾಕಿ. ಮುಂದಿನ ಸರಣಿ ಬೇರೆಯವರ ಪಾಲಾಯಿತು.

ಅದಕ್ಕೇ ಬೆಂಗಳೂರಾ ಕೊಪ್ಪಳನಾ ಅನ್ನೋ ಪ್ರಶ್ನೆಯೇ ನನಗೆ ಸರಿ ಕಾಣಲ್ಲ. 2020ರಲ್ಲಿ ಕೊರೊನಾದಿಂದ ಶಾಲೆ ಮುಚ್ಚಿದಾಗ ಚಂದನದಲ್ಲಿ ಪಾಠ ಬಂದವಲ್ಲ, ಅಲ್ಲಿ ಮಕ್ಕಳನ್ನು ಹಿಡಿದು ಕೂರಿಸಿದ್ದು ಕ್ಯಾಮೆರಾ ಅಲ್ಲ, ಚೆನ್ನಾಗಿ ಪಾಠ ಮಾಡೋ ಮೇಷ್ಟ್ರು. ನಿಮ್ಮ ಜಿಲ್ಲೆಯಲ್ಲೇ ಮೊರನಾಳ ಇದೆ, 2025ರಲ್ಲಿ ಪದ್ಮಶ್ರೀ ಬಂದ ತೊಗಲುಗೊಂಬೆ ಕಲಾವಿದೆ ಭೀಮವ್ವ ಶಿಳ್ಳೇಕ್ಯಾತರ ಅವರ ಊರು. ತೊಗಲುಗೊಂಬೆ ಆಟ ಎಲ್ಲಾದರೂ ನಡೆದರೆ ಹೋಗಿ ಕೂತು ನೋಡಿ, ಗೊಂಬೆಗಿಂತ ಜಾಸ್ತಿ ಜನರನ್ನು ನೋಡಿ. ದನಿ ಎಲ್ಲಿ ಇಳೀತು, ಎಲ್ಲಿ ನಿಂತಿತು, ಆಗ ಹುಡುಗರು ಏನು ಮಾಡಿದರು ಅಂತ ಬರೆದುಕೊಳ್ಳಿ. ಯಾವ ಕೋರ್ಸಿನಲ್ಲೂ ಇದನ್ನು ಹೇಳಿಕೊಡಲ್ಲ.

ಸಂಬಳದ ವಿಷಯ: ಖಾಯಂ ಕೆಲಸದ ಆಸೆ ಇಟ್ಟುಕೊಳ್ಳಬೇಡಿ, ಹೆಚ್ಚಾಗಿ ಸಿಗೋದು ಒಂದು ಕಂತಿಗೆ ಇಷ್ಟು ಅನ್ನೋ ಲೆಕ್ಕದ ಕಾಂಟ್ರಾಕ್ಟೇ. ಎಡಿಟಿಂಗನ್ನು ಮನೆಯಲ್ಲೇ ಕಲೀಬಹುದು. ಈಗ ಒಂದು ಐದು ನಿಮಿಷದ ಪಾಠ ಮೊಬೈಲಲ್ಲಿ ಮಾಡಿ, ಹೆಡ್ ಮಾಸ್ತರ ಅನುಮತಿ ತಗೊಂಡು ಹತ್ತಿರದ ಶಾಲೆಯ ಟಿವಿಯಲ್ಲೇ ಹಾಕಿ, ನೀವು ಕೊನೆ ಸಾಲಿನಲ್ಲಿ ಕೂತುಕೊಳ್ಳಿ. ಬಿಡಿ ಫೈಲುಗಳನ್ನು ಮಾತ್ರ ಅಳಿಸಬೇಡಿ.