ನಿಮ್ಮ 1916ರ ಫುಟ್‌ಬಾಲ್ ಲೇಖನ: ಗ್ರಾಡೀನ್‌ನಿಂದ ಶುರು ಮಾಡಿ

ನಮಸ್ಕಾರ,

1916ರಲ್ಲಿ ಬ್ಯೂನಸ್ ಐರಿಸ್‌ನಲ್ಲಿ ನಡೆದ ಮೊದಲ್ನೇ ದಕ್ಷಿಣ ಅಮೆರಿಕ ಚಾಂಪಿಯನ್‌ಶಿಪ್ ಬಗ್ಗೆ ನೀವು ಕಳ್ಸಿದ್ದ ಲೇಖನ ಪೂರ್ತಿ ಓದ್ದೆ. ಈಗಿರೋ ರೂಪದಲ್ಲಿ ಹಾಕೋಕಾಗಲ್ಲ, ನೇರವಾಗೇ ಹೇಳ್ತಿದೀನಿ. ಆದ್ರೆ ವಿಷ್ಯ ಬಿಡ್ಬೇಡಿ, ಕನ್ನಡದಲ್ಲಿ ಇದನ್ನ ಯಾರಾದ್ರೂ ಸರಿಯಾಗಿ ಬರೀಲಿ ಅಂತ ನನಗೆ ತುಂಬಾ ಆಸೆ ಇದೆ, ಅದಕ್ಕೇ ಇಷ್ಟುದ್ದದ ಉತ್ತರ.

ಮುಕ್ಕಾಲು ಲೇಖನ ಬರೀ ಸ್ಕೋರು. ಅರ್ಜೆಂಟೀನಾ ಚಿಲಿಗೆ 6-1, ಬ್ರೆಜಿಲ್ ಚಿಲಿ 1-1, ಅರ್ಜೆಂಟೀನಾ ಬ್ರೆಜಿಲ್ 1-1, ಹೀಗೇ ಸಾಲಾಗಿ ಬರ್ತಾ ಹೋಗುತ್ತೆ, ಯಾವುದು ಯಾಕೆ ಮುಖ್ಯ ಅಂತ ಓದೋರಿಗೆ ಗೊತ್ತಾಗೋದೇ ಇಲ್ಲ. ಇದರ ಮಧ್ಯೆ ಎಲ್ಲೋ "ಚಿಲಿ ತಂಡ ದೂರು ನೀಡಿತು, ಅದು ತಿರಸ್ಕೃತವಾಯಿತು" ಅಂತ ಒಂದೇ ಒಂದು ಸಾಲು. ನಾನು ಅಲ್ಲೇ ನಿಂತ್ಬಿಟ್ಟೆ. ಯಾವ ದೂರು ಅಂತ ಯಾಕೆ ಬರೀಲಿಲ್ಲ? ಜುಲೈ 2ರ ಮೊದಲ್ನೇ ಮ್ಯಾಚಲ್ಲೇ ಉರುಗ್ವೆ ಕೈಲಿ 4-0 ಸೋತ ಚಿಲಿಯವ್ರು, ಎದುರಾಳಿ ಟೀಮಲ್ಲಿ ಇಬ್ರು ಆಫ್ರಿಕನ್ನರು ಆಡಿದಾರೆ, ಮ್ಯಾಚ್ ರದ್ದು ಮಾಡಿ ಅಂದ್ರು. ಆ ಇಬ್ರು ಅಂದ್ರೆ ಇಸಾಬೆಲಿನೋ ಗ್ರಾಡೀನ್ ಮತ್ತೆ ಹುವಾನ್ ಡೆಲ್ಗಾಡೋ, ಇಬ್ರೂ ಉರುಗ್ವೆಯವ್ರೇ, ಕಪ್ಪು ಜನಾಂಗದವ್ರು ಅಷ್ಟೇ. ಗ್ರಾಡೀನ್‌ಗೆ ಆಗಿನ್ನೂ 19 ತುಂಬಿರ್ಲಿಲ್ಲ, ಆ ಮ್ಯಾಚಲ್ಲಿ ಎರಡು ಗೋಲು ಅವನದೇ, ಟೂರ್ನಿ ಮುಗಿಯೋ ಹೊತ್ತಿಗೆ ಮೂರು ಗೋಲು ಹೊಡೆದು ಎಲ್ಲರಿಗಿಂತ ಮುಂದಿದ್ದ. ಆಮೇಲೆ 200 ಮೀಟರ್, 400 ಮೀಟರ್ ಓಟದಲ್ಲೂ ದಕ್ಷಿಣ ಅಮೆರಿಕ ಚಾಂಪಿಯನ್ ಆದ. ಇಂಥ ಹುಡುಗನ ಹೆಸರು ನಿಮ್ಮ ಲೇಖನದಲ್ಲಿ ಬರೀ ಗೋಲ್ ಹೊಡೆದವ್ರ ಪಟ್ಟಿಯಲ್ಲಿದೆ! ಉರುಗ್ವೆ ಗುಲಾಮಗಿರಿ ನಿಲ್ಸಿದ್ದು 1842ರಲ್ಲಿ, ಅಂದ್ರೆ ಈ ದೂರಿಗೂ ಅದಕ್ಕೂ ನೂರು ವರ್ಷದ ಅಂತರ ಕೂಡ ಇಲ್ಲ, ಅದನ್ನ ಓದೋರಿಗೆ ಹೇಳ್ಬೇಕಲ್ವಾ. ಮತ್ತೆ ಉರುಗ್ವೆ ಬ್ರೆಜಿಲ್‌ನ 2-1 ಸೋಲ್ಸಿದ ಮ್ಯಾಚ್ ನೋಡಿ: ಬ್ರೆಜಿಲ್ ಗೋಲು ಫ್ರೀಡನ್‌ರೈಖ್‌ದು, ಅವ್ರ ತಂದೆ ಜರ್ಮನ್ ಮೂಲದವ್ರು, ತಾಯಿ ಕಪ್ಪು ಜನಾಂಗದವ್ರು. ಉರುಗ್ವೆಯ ಮೊದಲ್ನೇ ಗೋಲು ಗ್ರಾಡೀನ್‌ದು. ದೂರಿನ ಕಥೆ ಹೇಳಿ ಈ ಮ್ಯಾಚಿಗೆ ಬಂದ್ರೆ ಅದೇ ಸ್ಕೋರಿಗೆ ಜೀವ ಬರುತ್ತೆ.

ಕೊನೇ ಮ್ಯಾಚನ್ನ ನೀವು "ಫೈನಲ್" ಅಂದಿದೀರ. ತಪ್ಪು. ನಾಲ್ಕೇ ಟೀಮು, ಎಲ್ರೂ ಎಲ್ರ ಜೊತೆ ಆಡ್ಬೇಕು, ಗೆದ್ರೆ ಎರಡು ಪಾಯಿಂಟು, ಡ್ರಾ ಆದ್ರೆ ಒಂದು. ಕೊನೇ ಮ್ಯಾಚಿಗೆ ಬಂದಾಗ ಉರುಗ್ವೆ ಹತ್ರ 4, ಅರ್ಜೆಂಟೀನಾ ಹತ್ರ 3. ಉರುಗ್ವೆಗೆ ಡ್ರಾ ಸಾಕು, ಅರ್ಜೆಂಟೀನಾ ತನ್ನ ಊರಲ್ಲಿ ತನ್ನ ಜನದ ಮುಂದೆ ಗೆಲ್ಲಲೇಬೇಕು. ಇದನ್ನ ಮೊದ್ಲು ಹೇಳ್ದೇ ಇದ್ರೆ ಜುಲೈ 16ರಂದು ಗ್ರೌಂಡಿಗೆ ಅಷ್ಟು ಜನ ಯಾಕೆ ನುಗ್ಗಿದ್ರು ಅನ್ನೋದು ಅರ್ಥ ಆಗಲ್ಲ. ಹಿಡಿಸೋಕಾಗದಷ್ಟು ಜನ ಸೇರಿ ಮೈದಾನದೊಳಗೇ ಬಂದ್ಬಿಟ್ರು, ಶುರುವಾದ ಸ್ವಲ್ಪ ಹೊತ್ತಿಗೇ ಆಟ ನಿಂತೋಯ್ತು, ರೊಚ್ಚಿಗೆದ್ದವ್ರು ಮರದ ಗ್ಯಾಲರಿಗೆ ಬೆಂಕಿ ಹಚ್ಚಿದ್ರು. ಮಾರನೇ ದಿನ, 17ಕ್ಕೆ, ಪಕ್ಕದ ಊರು ಆವೆಜಾನೆಡಾದಲ್ಲಿ ರೇಸಿಂಗ್ ಕ್ಲಬ್ ಮೈದಾನದಲ್ಲಿ ಮತ್ತೆ ಆಡ್ಸಿ 0-0 ಆಗಿ ಉರುಗ್ವೆ ಚಾಂಪಿಯನ್ ಆಯ್ತು. ನೀವು ಬೆಂಕಿ ವಿಷ್ಯ ಬಿಟ್ಟೇಬಿಟ್ಟು, ಗೋಲಿಲ್ಲದ ಮ್ಯಾಚಿಗೆ "ರೋಚಕ ಹಣಾಹಣಿ" ಅಂತ ಬರ್ದಿದೀರ. ಆ ಥರದ ಪೇಪರ್ ಮಾತೆಲ್ಲ ಹೊಡೆದುಹಾಕಿ. "ಉರುಗ್ವೆ ಆಟಗಾರರ ಕಣ್ಣಾಲಿಗಳು ತುಂಬಿಬಂದವು" ಅನ್ನೋದಕ್ಕೆ ಆಧಾರ ಇದ್ರೆ ಇಟ್ಕೊಳ್ಳಿ, ಇಲ್ದಿದ್ರೆ ತೆಗೀರಿ.

ಇನ್ನು ಸಣ್ಣಪುಟ್ಟದ್ದು. ಈ ಟೂರ್ನಿಗೆ ಕೋಪಾ ಅಮೆರಿಕಾ ಅನ್ನೋ ಹೆಸರು ಬಂದಿದ್ದು 1975ರಲ್ಲಿ, 1916ರ ಆಟಗಾರರು "ಕೋಪಾ ಗೆದ್ದರು" ಅನ್ಬೇಡಿ. ಜುಲೈ 9, ಅರ್ಜೆಂಟೀನಾ ಸ್ವಾತಂತ್ರ್ಯದ ನೂರನೇ ವರ್ಷದ ದಿನವೇ ಉರುಗ್ವೆಯ ರಿವಡಾವಿಯಾ ಗೋಮೆಸ್ ಪ್ರಯತ್ನದಿಂದ ದಕ್ಷಿಣ ಅಮೆರಿಕ ಫುಟ್‌ಬಾಲ್ ಒಕ್ಕೂಟ ಹುಟ್ಟಿದ್ದನ್ನ ಚೆನ್ನಾಗಿ ಬರ್ದಿದೀರ, ಅದು ಹಾಗೇ ಇರ್ಲಿ. ಇಂಗ್ಲೆಂಡಲ್ಲಿ ಫುಟ್‌ಬಾಲ್ ಹುಟ್ಟಿದ ಕಥೆ ಹೇಳೋ ಮೊದಲ ಎರಡು ಪುಟ ಪೂರ್ತಿ ಬೇಡ. ಗ್ರಾಡೀನ್ ಮೇಲಿನ ಚಿಲಿಯ ದೂರಿಂದ ಶುರು ಮಾಡಿ, 17ನೇ ತಾರೀಖಿಗೆ ನಿಲ್ಸಿ, 1200 ಪದ ದಾಟ್ಬೇಡಿ, ತಿದ್ದಿದ್ಮೇಲೆ ನನಗೇ ನೇರವಾಗಿ ಕಳ್ಸಿ.