ಎರಡು ರಾತ್ರಿ ಮಲಗದ ತಮ್ಮ

ಸಂಪಾದಕರ ಉತ್ತರ

ನಮಸ್ಕಾರ. ಹೆಸರು, ಊರು ಎರಡನ್ನೂ ಹಾಕಬೇಡಿ ಎಂದಿದ್ದೀರಿ, ಹಾಕಿಲ್ಲ. ಮಲೆನಾಡಿನ ಒಬ್ಬ ಶಾಲಾ ಶಿಕ್ಷಕಿ ಎಂದಷ್ಟೇ ಓದುಗರಿಗೆ ಗೊತ್ತಾದರೆ ಸಾಕು. ಪತ್ರ ಪೂರ್ತಿ ಅಚ್ಚು ಮಾಡುವುದೂ ಬೇಡವೆನಿಸಿತು. ಅದರ ಸಾರ ಇಷ್ಟು: ಬೆಂಗಳೂರಿನಲ್ಲಿ ಸಾಫ್ಟ್‌ವೇರ್ ಕೆಲಸದಲ್ಲಿರುವ ನಿಮ್ಮ ತಮ್ಮ ದೀಪಾವಳಿಗೆ ಮನೆಗೆ ಬಂದ. ಎರಡು ರಾತ್ರಿ ಮಲಗಲಿಲ್ಲ. ಅಟ್ಟ ಗುಡಿಸಿದ, ಅಪ್ಪನ ಹಳೆಯ ರೇಡಿಯೊ ಬಿಚ್ಚಿ ಹರವಿಕೊಂಡು ಕೂತ, ಹೋಳಿಗೆ ಮುಟ್ಟಲಿಲ್ಲ, ಮಾತು ನಿಲ್ಲಿಸಲಿಲ್ಲ. ಮೂರನೆಯ ದಿನ ಮಲಗಿದವನು ಮರುದಿನ ಸಂಜೆಯವರೆಗೆ ಏಳಲಿಲ್ಲ. ಅವನ ಬ್ಯಾಗಿನಲ್ಲಿ ನಿಮಗೆ ಬಿಳಿ ಹರಳುಗಳ ಸಣ್ಣ ಪೊಟ್ಟಣ ಸಿಕ್ಕಿತು. ಕೇಳಿದ್ದಕ್ಕೆ, “ಅಕ್ಕಾ, ಇದು ಗಾಂಜಾ ಅಲ್ಲ, ಬ್ರೌನ್ ಶುಗರ್ ಅಲ್ಲ. ಕೆಲಸಕ್ಕೆ ಅಂತ ತಗೊಳ್ಳೋದು. ನೀನು ಕಾಫಿ ಕುಡಿಯಲ್ವಾ? ಅಲ್ಲಿ ಎಲ್ಲರೂ ತಗೋತಾರೆ” ಎಂದ. ಅಪ್ಪನಿಗೆ ಇನ್ನೂ ಗೊತ್ತಿಲ್ಲ. ತಮ್ಮ ಹೇಳಿದ್ದು ನಿಜವೇ, ಪೊಲೀಸರಿಗೆ ತಿಳಿಸಬೇಕೇ, ಸಂಬಂಧಿಕರೊಬ್ಬರು ಹೇಳಿದ ಹಾಗೆ ರಾತ್ರೋರಾತ್ರಿ ಎತ್ತಿಕೊಂಡು ಹೋಗುವ ಕೇಂದ್ರವೊಂದಕ್ಕೆ ಸೇರಿಸಬೇಕೇ? ಇದು ನಿಮ್ಮ ಪ್ರಶ್ನೆ.

ಪೊಟ್ಟಣದಲ್ಲಿ ಇರುವುದೇನು ಎಂದು ಪತ್ರ ಓದಿ ಯಾರೂ ಹೇಳಲಾರರು. ಆದರೆ ನಿಮ್ಮ ಮನೆಯಲ್ಲಿ ನಡೆದದ್ದು ಉತ್ತೇಜಕ ಮಾದಕಗಳ ಲಕ್ಷಣಕ್ಕೆ ಚೆನ್ನಾಗಿ ಹೊಂದುತ್ತದೆ. ಅಫೀಮು, ಹೆರಾಯಿನ್ ತೆಗೆದುಕೊಂಡವರು ಮಂಪರಿನಲ್ಲಿ ತೂಗುತ್ತಾರೆ, ಮನೆಯವರಿಗೆ ಬೇಗ ಅನುಮಾನ ಬರುತ್ತದೆ. ಇದನ್ನು ತೆಗೆದುಕೊಂಡವನು ಅಟ್ಟ ಗುಡಿಸುತ್ತಾನೆ. ಹುಡುಗ ಎಷ್ಟು ಚುರುಕಾಗಿದ್ದಾನೆ ಎಂದು ಮೊದಮೊದಲು ಅಪ್ಪ ಅಮ್ಮನಿಗೆ ಖುಷಿಯೇ ಆಗುತ್ತದೆ. ಆಫೀಸಿನಲ್ಲಿ ಹೊಗಳಿಕೆಯೂ ಸಿಗಬಹುದು. ನಮ್ಮ ಮನೆಗಳಲ್ಲಿ ಈ ಚಟ ತಡವಾಗಿ ಕಣ್ಣಿಗೆ ಬೀಳಲು ಇದೇ ಕಾರಣ. ನೀವು ಮೂರೇ ದಿನದಲ್ಲಿ ಗಮನಿಸಿದ್ದೀರಿ.

ಕಾಫಿಯ ಮಾತಿಗೆ ಬರೋಣ. ಕಾಫಿಯಲ್ಲಿರುವ ಕೆಫೀನು ದಣಿವಿನ ಸೂಚನೆ ಮಿದುಳಿಗೆ ಮುಟ್ಟದ ಹಾಗೆ ಸ್ವಲ್ಪ ಹೊತ್ತು ತಡೆಯುತ್ತದೆ, ಅಷ್ಟೆ. ಮೆಥಾಂಫೆಟಮಿನ್ ಎಂಬ ‘ಐಸ್’ ಅಥವಾ ‘ಕ್ರಿಸ್ಟಲ್’ ನರಕೋಶದ ಒಳಹೊಕ್ಕು, ಅಲ್ಲಿ ದಾಸ್ತಾನಿರುವ ಡೋಪಮಿನ್ (ಖುಷಿ, ಹುರುಪು ಹುಟ್ಟಿಸುವ ಮಿದುಳಿನ ರಾಸಾಯನಿಕ) ಅನ್ನು ಹೊರಕ್ಕೆ ಸುರಿಸುತ್ತದೆ. ಸುರಿದದ್ದು ವಾಪಸು ಹೋಗದಂತೆಯೂ ಮಾಡುತ್ತದೆ. ಬಿತ್ತನೆ ಬೀಜವನ್ನೇ ಕುಟ್ಟಿ ಹಬ್ಬದೂಟ ಮಾಡಿದ ಹಾಗೆ. ರಕ್ತದಲ್ಲಿ ಅದರ ಪ್ರಮಾಣ ಅರ್ಧಕ್ಕಿಳಿಯಲು ಸುಮಾರು 10ರಿಂದ 12 ಗಂಟೆ ಬೇಕು. ನಡುವೆ ಇನ್ನೊಮ್ಮೆ ತೆಗೆದುಕೊಂಡರೆ ಎರಡು ರಾತ್ರಿ ಕಳೆಯುವುದು ಏನೂ ಕಷ್ಟವಲ್ಲ. ಆಮೇಲೆ ಬರುವ ಆ ಉದ್ದದ ನಿದ್ದೆ, ಎದ್ದ ಮೇಲಿನ ಸಿಡುಕು, ಯಾವುದರಲ್ಲೂ ರುಚಿ ಇಲ್ಲದ ಮಂಕು, ಎಲ್ಲವೂ ಖಾಲಿಯಾದ ದಾಸ್ತಾನಿನ ಫಲ. ಆ ಮಂಕು ತಡೆಯಲಾರದೆ ಮತ್ತೆ ಪೊಟ್ಟಣಕ್ಕೆ ಕೈ ಹೋಗುತ್ತದೆ.

‘ಕೆಲಸಕ್ಕೆ ತೆಗೆದುಕೊಳ್ಳುವುದು’ ಎಂಬ ವಾದವೂ ಹೊಸದಲ್ಲ, ನಿಮ್ಮ ತಮ್ಮನ ಅಜ್ಜನ ಕಾಲದ್ದು. ಇದೇ ಬಗೆಯ ಉತ್ತೇಜಕವಾದ ಆಂಫೆಟಮಿನ್ ಮೊದಲು ತಯಾರಾದದ್ದು 1887ರಲ್ಲಿ. ಜಪಾನಿನ ನಾಗಾಯಿ ನಾಗಾಯೋಶಿ ಎಂಬ ರಸಾಯನಶಾಸ್ತ್ರಜ್ಞ ಎಫೆಡ್ರಿನ್‌ನಿಂದ ಮೆಥಾಂಫೆಟಮಿನ್ ತಯಾರಿಸಿದ್ದು 1893ರಲ್ಲಿ. ಜರ್ಮನಿಯ ಟೆಮ್ಲರ್ ಕಂಪನಿ 1938ರಲ್ಲಿ ಪರ್ವಿಟಿನ್ ಎಂಬ ಮಾತ್ರೆಯಾಗಿ ಅದನ್ನು ಅಂಗಡಿಗೆ ಬಿಟ್ಟಿತು. ಎರಡನೆಯ ಮಹಾಯುದ್ಧ ಶುರುವಾದಾಗ ಸೈನಿಕರಿಗೂ ಹಂಚಿದರು. ಮಾತ್ರೆ ನುಂಗಿದ ಸೈನಿಕ ರಾತ್ರಿಯಿಡೀ ನಡೆಯುತ್ತಿದ್ದ ನಿಜ, ಆಮೇಲೆ ದಿನಗಟ್ಟಲೆ ಯಾವುದಕ್ಕೂ ಬಾರದವನಾಗುತ್ತಿದ್ದ. 1941ರಲ್ಲಿ ಅಲ್ಲಿನ ಸರ್ಕಾರವೇ ಅದನ್ನು ಅಫೀಮು ಕಾನೂನಿನ ಕೆಳಗೆ ತಂದಿತು. ಜಪಾನಿನ ಕಥೆ ಇನ್ನೂ ಕಣ್ಣು ತೆರೆಸುವಂಥದ್ದು. ಅಲ್ಲಿ ಹಿರೊಪಾನ್ ಎಂಬ ಹೆಸರಿನಲ್ಲಿ ಇದೇ ವಸ್ತು ಸೈನಿಕರಿಗೂ ಕಾರ್ಖಾನೆಯ ಕಾರ್ಮಿಕರಿಗೂ ಸಿಗುತ್ತಿತ್ತು. ಯುದ್ಧ ಮುಗಿದ ಮೇಲೆ ಸೇನೆಯ ದಾಸ್ತಾನು ಮಾರುಕಟ್ಟೆಗೆ ಬಂತು. ರಾತ್ರಿಪಾಳಿಯವರು, ವಿದ್ಯಾರ್ಥಿಗಳು, ಬರಹಗಾರರು (ನಮ್ಮ ಕಸುಬಿನವರೇ) ಎಲ್ಲರೂ ಕೆಲಸಕ್ಕೆಂದೇ ತೆಗೆದುಕೊಂಡರು. 1951ರಲ್ಲಿ ಪ್ರತ್ಯೇಕ ಕಾನೂನು ಮಾಡಬೇಕಾಯಿತು. 1954ರ ಒಂದೇ ವರ್ಷದಲ್ಲಿ ಅದರಡಿ ಬಂಧಿತರಾದವರು 55 ಸಾವಿರಕ್ಕೂ ಹೆಚ್ಚು. ಕೆಲಸದ ಮದ್ದು ಎಂದು ಒಂದು ದೇಶವೇ ನಂಬಿ ನೋಡಿಯಾಗಿದೆ.

ದೇಹಕ್ಕೆ ಏನಾಗುತ್ತದೆ ಎಂದು ಕೇಳಿದ್ದೀರಿ. ಹೃದಯ ಬಡಿತ ಏರುತ್ತದೆ, ರಕ್ತದೊತ್ತಡ ಏರುತ್ತದೆ, ರಕ್ತನಾಳ ಸೆಟೆಯುತ್ತದೆ. ಇಪ್ಪತ್ತೈದರ ಹುಡುಗನಿಗೆ ಹೃದಯಾಘಾತವಾದರೆ, ಲಕ್ವ ಹೊಡೆದರೆ, ಉತ್ತೇಜಕ ತೆಗೆದುಕೊಂಡಿದ್ದನೇ ಎಂದು ಡಾಕ್ಟರರು ಕೇಳುವುದು ಸುಮ್ಮನೆ ಅಲ್ಲ. ಪಾರ್ಟಿಗಳ ಎಂಡಿಎಂಎ ಅಥವಾ ಎಕ್ಸ್‌ಟಸಿಯಲ್ಲಿ ಇನ್ನೊಂದು ಅಪಾಯವಿದೆ: ಮೈಯ ಉಷ್ಣತೆ ಹಿಡಿತ ತಪ್ಪಿ ಏರುತ್ತದೆ. ಬಿಸಿಗೆ ಹೆದರಿ ಲೀಟರುಗಟ್ಟಲೆ ನೀರು ಕುಡಿದವರಲ್ಲಿ ರಕ್ತದ ಸೋಡಿಯಂ ಕುಸಿದು ಮಿದುಳು ಊದಿಕೊಂಡು ಸತ್ತವರೂ ಇದ್ದಾರೆ. ಆದರೆ ಮನೆಯವರನ್ನು ಹೆಚ್ಚು ಕಂಗೆಡಿಸುವುದು ಸಂಶಯ. ಪಕ್ಕದ ಮನೆಯವರು ನನ್ನ ಬಗ್ಗೆಯೇ ಮಾತಾಡುತ್ತಿದ್ದಾರೆ, ಫೋನಿನಲ್ಲಿ ಯಾರೋ ನೋಡುತ್ತಿದ್ದಾರೆ, ಚರ್ಮದ ಕೆಳಗೆ ಹುಳ ಹರಿಯುತ್ತಿದೆ, ಹೀಗೆ. ಎಷ್ಟೋ ಜನರಲ್ಲಿ ಬಿಟ್ಟ ಕೆಲವು ದಿನಗಳಲ್ಲಿ ಇದು ಇಳಿಯುತ್ತದೆ. ಕೆಲವರಲ್ಲಿ ತಿಂಗಳುಗಟ್ಟಲೆ ಉಳಿಯುತ್ತದೆ. ಊರಿನವರು ಇದಕ್ಕೆ ಮಾಟ, ಗಾಳಿ ಎಂದು ಹೆಸರಿಟ್ಟು ಕರೆದೊಯ್ಯುವ ಜಾಗಗಳಲ್ಲಿ ಅಮೂಲ್ಯ ವಾರಗಳು ಕಳೆದುಹೋಗುತ್ತವೆ.

ಇನ್ನೊಂದು ತೊಡಕು, ಕೊಂಡವನಿಗೇ ತಾನು ಕೊಂಡದ್ದೇನು ಎಂಬುದು ತಿಳಿಯದಿರುವುದು. ಮುಂಬೈಯಲ್ಲಿ ‘ಎಂಡಿ’ ಎಂದರೆ ಮೆಫೆಡ್ರೋನ್ ಎಂಬ ಇನ್ನೊಂದು ಉತ್ತೇಜಕ. ನಮ್ಮ ಕಡೆ ಎಂಡಿಎಂಎಯನ್ನೂ ಹಾಗೇ ಕರೆಯುತ್ತಾರೆ. ಎರಡೂ ಬೇರೆ. ಮೆಫೆಡ್ರೋನಿನ ಅಮಲು ಎರಡು ಮೂರು ಗಂಟೆಗೇ ಇಳಿಯುವುದರಿಂದ ಒಂದೇ ರಾತ್ರಿಯಲ್ಲಿ ಮತ್ತೆ ಮತ್ತೆ ಎಳೆಯುತ್ತಾರೆ. ನಮ್ಮಲ್ಲಿ ಅದು ಮಾದಕ ವಸ್ತುಗಳ ಕಾನೂನಾದ ಎನ್‌ಡಿಪಿಎಸ್ ಕಾಯ್ದೆಯ ಪಟ್ಟಿಗೆ ಸೇರಿದ್ದೇ 2015ರಲ್ಲಿ. ಒಂದರ ಹೆಸರಿನಲ್ಲಿ ಇನ್ನೊಂದನ್ನು, ಎರಡಕ್ಕೂ ಬೇರೆ ಪುಡಿ ಬೆರೆಸಿದ್ದನ್ನು ಮಾರುವುದು ಈ ವ್ಯಾಪಾರದಲ್ಲಿ ಮಾಮೂಲು. ‘ನನಗೆ ನನ್ನ ಲಿಮಿಟ್ ಗೊತ್ತು’ ಎನ್ನುವವನಿಗೆ ಪೊಟ್ಟಣದೊಳಗಿನ ಲಿಮಿಟ್ ಗೊತ್ತಿರುವುದಿಲ್ಲ.

‘ಎಲ್ಲರೂ ತಗೋತಾರೆ’ ಎಂಬುದು ಸುಳ್ಳು. ದೆಹಲಿಯ ಏಮ್ಸ್ ನಡೆಸಿ, ಕೇಂದ್ರದ ಸಾಮಾಜಿಕ ನ್ಯಾಯ ಸಚಿವಾಲಯ 2019ರಲ್ಲಿ ಪ್ರಕಟಿಸಿದ ರಾಷ್ಟ್ರೀಯ ಸಮೀಕ್ಷೆಯ ಪ್ರಕಾರ 10ರಿಂದ 75 ವರ್ಷದವರಲ್ಲಿ ಮದ್ಯ ಸೇವಿಸುವವರು ಶೇ 14.6. ಆಂಫೆಟಮಿನ್ ಬಗೆಯ ಉತ್ತೇಜಕ ಬಳಸುವವರು ಶೇ 0.18, ಅಂದರೆ ಹತ್ತು ಸಾವಿರಕ್ಕೆ ಹದಿನೆಂಟು ಜನ. ನಿಮ್ಮ ತಮ್ಮನಿಗೆ ‘ಎಲ್ಲರೂ’ ಎಂದು ಕಾಣುವುದು ಅವನ ಸುತ್ತಲಿನ ಏಳೆಂಟು ಗೆಳೆಯರು. ಈ ಅಂಕಿಯನ್ನು ಅವನಿಗೆ ಹೇಳಿ. ಹೆದರಿಸುವ ಹತ್ತು ಮಾತಿಗಿಂತ ಇದು ಹೆಚ್ಚು ನಾಟೀತು.

ಹಾಗೆಂದು ನಾವು ನಿಶ್ಚಿಂತೆಯಿಂದ ಇರುವ ಹಾಗಿಲ್ಲ. ಸಮೀಕ್ಷೆಯ ಮಾಹಿತಿ ಸಂಗ್ರಹವಾದದ್ದು 2018ರ ಆಸುಪಾಸಿನಲ್ಲಿ. ಆಮೇಲೆ ಸರಬರಾಜಿನ ಸ್ವರೂಪವೇ ಬದಲಾಗಿದೆ. 2023ರ ಮೇನಲ್ಲಿ ನೌಕಾಪಡೆ ಮತ್ತು ಕೇಂದ್ರದ ಮಾದಕ ವಸ್ತು ನಿಯಂತ್ರಣ ಸಂಸ್ಥೆಯಾದ ಎನ್‌ಸಿಬಿ ಹಿಡಿದು ಕೊಚ್ಚಿಗೆ ತಂದ ಮೆಥಾಂಫೆಟಮಿನ್ ಸುಮಾರು 2,500 ಕೆ.ಜಿ. 2024ರ ನವೆಂಬರಿನಲ್ಲಿ ಅಂಡಮಾನ್ ಬಳಿ ಮ್ಯಾನ್ಮಾರಿನ ಮೀನುಗಾರಿಕೆ ದೋಣಿಯೊಂದರಲ್ಲಿ ಕರಾವಳಿ ರಕ್ಷಣಾ ಪಡೆಗೆ ಸಿಕ್ಕಿದ್ದು ಅದರ ಎರಡು ಪಟ್ಟಿಗೂ ಮಿಗಿಲು. ಮ್ಯಾನ್ಮಾರ್ ಕಡೆಯಿಂದ ಬರುವ ಮಾಲಿನ ಬೇರು ಅಲ್ಲಿನ ಶಾನ್ ಪ್ರಾಂತ್ಯದಲ್ಲಿದೆ. 2021ರ ಸೇನಾ ಕ್ರಾಂತಿಯ ನಂತರ ಅಲ್ಲಿನ ಉತ್ಪಾದನೆಗೆ ಕಡಿವಾಣವೇ ಇಲ್ಲ. ಆದರೆ ಗಡಿ ದಾಟಿ ಬರುವುದಷ್ಟೇ ಅಲ್ಲ. ಅಫೀಮಿಗೆ ಗಸಗಸೆ ಬೆಳೆಯಲು ಹೊಲ ಬೇಕು, ಮಳೆ ಬೇಕು, ತಿಂಗಳುಗಟ್ಟಲೆ ಕಾಯಬೇಕು. ಇದಕ್ಕೆ ಒಂದು ಶೆಡ್ಡು, ಕೆಲವು ರಾಸಾಯನಿಕ, ರಸಾಯನಶಾಸ್ತ್ರ ಓದಿದ ಒಬ್ಬ ಸಾಕು. 2024ರ ಅಕ್ಟೋಬರಿನಲ್ಲಿ ಭೋಪಾಲದ ಕೈಗಾರಿಕಾ ಪ್ರದೇಶದ ಕಾರ್ಖಾನೆಯಲ್ಲಿ 900 ಕೆ.ಜಿ.ಗೂ ಹೆಚ್ಚು ಮೆಫೆಡ್ರೋನ್ ಸಿಕ್ಕಿತು. 2025ರ ಜುಲೈನಲ್ಲಿ ನಮ್ಮ ಮೈಸೂರಿನಲ್ಲೇ ಅಂಥ ಘಟಕ ಪತ್ತೆಯಾಯಿತು. ಪತ್ತೆ ಮಾಡಿದವರು ಮುಂಬೈಯ ಪೊಲೀಸರು ಎಂಬುದು ನಮ್ಮವರು ಯೋಚಿಸಬೇಕಾದ ಸಂಗತಿ. ಅದೇ ವರ್ಷ ಮಾರ್ಚಿನಲ್ಲಿ ಮಂಗಳೂರು ಪೊಲೀಸರು ಬೆಂಗಳೂರಿಗೆ ಬಂದು ಇಬ್ಬರು ವಿದೇಶಿ ಮಹಿಳೆಯರಿಂದ 37 ಕೆ.ಜಿ.ಗೂ ಹೆಚ್ಚು ಎಂಡಿಎಂಎ ವಶಪಡಿಸಿಕೊಂಡಿದ್ದರು.

ಪತ್ರದಲ್ಲಿ ನೀವು ‘ಎಲ್ಲ ಆ ಆಫ್ರಿಕಾದವರು ತಂದದ್ದು’ ಎಂದು ಬರೆದಿದ್ದೀರಿ. ಸಾಗಣೆಯಲ್ಲಿ ವಿದೇಶಿಯರು ಸಿಕ್ಕಿಬಿದ್ದಿದ್ದಾರೆ, ಇಲ್ಲವೆನ್ನುವುದಿಲ್ಲ. ಆದರೆ ಶೆಡ್ಡು ಬಾಡಿಗೆಗೆ ಕೊಡುವವರು, ರಾಸಾಯನಿಕ ಹೊಂದಿಸುವವರು, ಕೊನೆಗೆ ಪೊಟ್ಟಣ ತಂದು ಮುಟ್ಟಿಸುವವರು ನಮ್ಮವರೂ ಹೌದು. ನಿಮ್ಮ ತಮ್ಮನಿಗೆ ಕೊಟ್ಟವನು ಬಹುಶಃ ಅವನ ಗೆಳೆಯನೇ. ಇನ್ನು ನಮ್ಮ ಪತ್ರಿಕಾವೃತ್ತಿಯ ಬಗ್ಗೆ ಒಂದು ಮಾತು: ‘75 ಕೋಟಿಯ ಮಾಲು’, ‘390 ಕೋಟಿಯ ಮಾಲು’ ಎಂಬ ತಲೆಬರಹಗಳಿಂದ ಓದುಗನಿಗೆ ತಿಳಿಯುವುದು ಇದರಲ್ಲಿ ಹಣವಿದೆ ಎಂಬುದೊಂದೇ. ನನಗೆ ಅವು ಹಿಡಿಸುವುದಿಲ್ಲ.

ಪೊಲೀಸರ ವಿಷಯ. ಕಾನೂನು ಕಠಿಣ ಎಂಬುದನ್ನು ನಿಮ್ಮ ತಮ್ಮ ತಿಳಿದಿರಬೇಕು. ಎಂಡಿಎಂಎ ಅರ್ಧ ಗ್ರಾಂವರೆಗೆ ‘ಸಣ್ಣ ಪ್ರಮಾಣ’, 10 ಗ್ರಾಂ ದಾಟಿದರೆ ‘ವಾಣಿಜ್ಯ ಪ್ರಮಾಣ’. ಮೆಥಾಂಫೆಟಮಿನ್‌ಗೆ ಅದು 2 ಗ್ರಾಂ ಮತ್ತು 50 ಗ್ರಾಂ. ವಾಣಿಜ್ಯ ಪ್ರಮಾಣಕ್ಕೆ ಶಿಕ್ಷೆ 10ರಿಂದ 20 ವರ್ಷ, ಜಾಮೀನು ಬಲು ಕಷ್ಟ. ತೂಕ ಹಾಕುವಾಗ ಬೆರಕೆ ಪುಡಿಯನ್ನೂ ಸೇರಿಸಿ ಇಡೀ ಮಿಶ್ರಣದ ತೂಕ ಲೆಕ್ಕಕ್ಕೆ ಹಿಡಿಯಬೇಕು ಎಂದು ಸುಪ್ರೀಂ ಕೋರ್ಟು 2020ರಲ್ಲಿ ಹೀರಾ ಸಿಂಗ್ ಪ್ರಕರಣದಲ್ಲಿ ಹೇಳಿದೆ. ಗೆಳೆಯರ ಪಾಲನ್ನೂ ತಾನೇ ತಂದಿಟ್ಟುಕೊಳ್ಳುವ ಹುಡುಗ ಎಷ್ಟು ಸುಲಭವಾಗಿ ಗ್ರಾಹಕನ ಸಾಲಿನಿಂದ ಪೆಡ್ಲರ್ ಸಾಲಿಗೆ ಜಾರುತ್ತಾನೆ ನೋಡಿ.

ಆದರೆ ಇದೇ ಕಾಯ್ದೆಯಲ್ಲಿ 64ಎ ಎಂಬ ಕಲಮೂ ಇದೆ. ಸೇವನೆಯ ಅಥವಾ ಸಣ್ಣ ಪ್ರಮಾಣದ ಆರೋಪವಿರುವ ವ್ಯಸನಿ ತಾನಾಗಿ ಸರ್ಕಾರಿ ಅಥವಾ ಮಾನ್ಯತೆ ಪಡೆದ ಆಸ್ಪತ್ರೆಯಲ್ಲಿ ಚಿಕಿತ್ಸೆಗೆ ಮುಂದಾದರೆ ಆ ಆರೋಪದ ವಿಚಾರಣೆಯಿಂದ ಅವನಿಗೆ ರಕ್ಷಣೆ ಉಂಟು. ಚಿಕಿತ್ಸೆ ಅರ್ಧಕ್ಕೆ ಬಿಟ್ಟರೆ ಆ ರಕ್ಷಣೆ ಹೋಗಬಹುದು. ಹಾಗಾಗಿ ನನ್ನ ಸಲಹೆ: ಠಾಣೆಗಿಂತ ಮೊದಲು ಆಸ್ಪತ್ರೆ. ಮಾರುವವನ ಬಗ್ಗೆ ಹೇಳಬೇಕೆನಿಸಿದರೆ ಎನ್‌ಸಿಬಿಯ 1933 ಸಂಖ್ಯೆ ಇದೆ, ಅದು ಬೇರೆ ದಿನದ ಕೆಲಸ. ಆ ಪೊಟ್ಟಣವನ್ನು ನೀವು ಬೀರುವಿನಲ್ಲಿಟ್ಟುಕೊಂಡಿದ್ದರೆ ಮಾತ್ರ ತಡಮಾಡದೆ ವಕೀಲರೊಬ್ಬರನ್ನು ಕೇಳಿ. ಯಾರ ಬಳಿ ಇದೆಯೋ ಕಾನೂನು ಅವರನ್ನೇ ಕೇಳುತ್ತದೆ. ಪರೀಕ್ಷೆ ಮಾಡಿಸುತ್ತೇನೆಂದು ಬಸ್ಸಿನಲ್ಲಿ ಒಯ್ಯುವ ಸಾಹಸವಂತೂ ಬೇಡ.

ರಾತ್ರೋರಾತ್ರಿ ಎತ್ತಿಕೊಂಡು ಹೋಗುವ ಕೇಂದ್ರ ಖಂಡಿತ ಬೇಡ. 2017ರ ಮಾನಸಿಕ ಆರೋಗ್ಯ ಕಾಯ್ದೆ ಮದ್ಯ, ಮಾದಕದ ಸಮಸ್ಯೆಗಳಿಗೂ ಅನ್ವಯಿಸುತ್ತದೆ. ಅದರಡಿ ಕೇಂದ್ರಕ್ಕೆ ನೋಂದಣಿ ಬೇಕು, ಸರಪಳಿ ಹಾಕುವುದು ನಿಷಿದ್ಧ, ಒಪ್ಪಿಗೆಯಿಲ್ಲದೆ ದಾಖಲಿಸಲು ವೈದ್ಯರ ಪರೀಕ್ಷೆ ಸಹಿತ ಕಟ್ಟುನಿಟ್ಟಾದ ಷರತ್ತುಗಳಿವೆ. ಕಾನೂನು ಬಿಡಿ. ಮೊದಲೇ ಸಂಶಯ ಮೂಡುವ ಸ್ಥಿತಿಯಲ್ಲಿರುವ ಹುಡುಗನನ್ನು ನಾಲ್ಕು ಜನ ಅಪರಿಚಿತರು ವ್ಯಾನಿಗೆ ತುಂಬಿದರೆ, ಮುಂದೆ ಅವನು ಅಕ್ಕನಿಗೆ ನಿಜ ಹೇಳುತ್ತಾನೆಯೇ?

ಚಿಕಿತ್ಸೆಯ ಬಗ್ಗೆ ಸುಳ್ಳು ಭರವಸೆ ಕೊಡಲಾರೆ. ಹೆರಾಯಿನ್ ಚಟಕ್ಕೆ ಇರುವಂತೆ ಇದಕ್ಕೆ ಎಂದೇ ಒಪ್ಪಿತವಾದ ಔಷಧಿ ಇಲ್ಲ. ‘ಮೂರು ದಿನದಲ್ಲಿ ಬಿಡಿಸುತ್ತೇವೆ’ ಎಂಬ ಗೋಡೆ ಬರಹಗಳನ್ನು ನಂಬಬೇಡಿ. ಕೆಲಸ ಮಾಡುವುದು ಆಪ್ತ ಸಮಾಲೋಚನೆ, ಎಳೆತ ಬರುವ ಹೊತ್ತನ್ನು ಗುರುತಿಸಿ ದಾಟುವ ತರಬೇತಿ, ಜೊತೆಗಿರುವ ಖಿನ್ನತೆಗೋ ನಿದ್ದೆಯ ತೊಂದರೆಗೋ ಮದ್ದು. ತಿಂಗಳುಗಳು ಹಿಡಿಯುತ್ತವೆ, ನಡುವೆ ಒಮ್ಮೆ ಜಾರಲೂಬಹುದು. ಬೆಂಗಳೂರಿನಲ್ಲಿ ನಿಮ್ಹಾನ್ಸ್‌ನ ವ್ಯಸನ ಚಿಕಿತ್ಸಾ ಕೇಂದ್ರವಿದೆ. ನಿಮ್ಮ ಕಡೆ ಜಿಲ್ಲಾ ಆಸ್ಪತ್ರೆಯ ಮನೋವೈದ್ಯರನ್ನು ಕಾಣಬಹುದು. ಮೊದಲು ಫೋನಿನಲ್ಲೇ ಮಾತಾಡುವುದಾದರೆ ಮಾದಕ ವ್ಯಸನದ ಸಹಾಯವಾಣಿ 14446, ಮಾನಸಿಕ ಆರೋಗ್ಯದ ಸಹಾಯವಾಣಿ ಟೆಲಿ ಮಾನಸ್ 14416. ಟೆಲಿ ಮಾನಸ್‌ನಲ್ಲಿ ಕನ್ನಡದಲ್ಲೇ ಮಾತಾಡಬಹುದು.

ಅವನೊಡನೆ ಮಾತಾಡುವ ಹೊತ್ತು ಆರಿಸಿಕೊಳ್ಳಿ. ಅಮಲಿನಲ್ಲಿದ್ದಾಗ ಬೇಡ, ಇಳಿದ ಮೊದಲ ದಿನವೂ ಬೇಡ. ಚೆನ್ನಾಗಿ ಮಲಗಿ, ಉಂಡ ಮೇಲೆ ಕೇಳಿ: ತಿಂಗಳಿಗೆ ಎಷ್ಟು ಸಲ, ಒಬ್ಬನೇ ಇದ್ದಾಗಲೂ ತೆಗೆದುಕೊಳ್ಳುತ್ತೀಯಾ, ಸಾಲವಾಗಿದೆಯಾ. ಅಮಲಿಳಿದ ದಿನಗಳಲ್ಲಿ ಬದುಕೇ ಬೇಡವೆನಿಸುವುದುಂಟು. ಹಾಗೆ ಅನಿಸಿದೆಯೇ ಎಂದು ನೇರವಾಗಿ ಕೇಳಿ. ಕೇಳುವುದರಿಂದ ಆ ಯೋಚನೆ ಹುಟ್ಟುವುದಿಲ್ಲ. ಹೌದೆಂದರೆ ಅವನನ್ನು ಒಬ್ಬನೇ ಬಿಡದೆ ಅಂದೇ ವೈದ್ಯರಲ್ಲಿಗೆ ಕರೆದೊಯ್ಯಿರಿ.

ಅವನ ರೂಮಿನ ಗೆಳೆಯನೊಬ್ಬನ ನಂಬರ್ ನಿಮ್ಮ ಬಳಿ ಇರಲಿ. ಎದೆನೋವು, ಫಿಟ್ಸ್, ಕೆಂಡದಂತೆ ಸುಡುವ ಮೈ, ತಿಳಿವಳಿಕೆ ತಪ್ಪಿದ ಮಾತು ಕಂಡರೆ 108ಕ್ಕೆ ಫೋನ್ ಮಾಡಬೇಕು. ಆ ಜ್ವರಕ್ಕೆ ಪ್ಯಾರಾಸಿಟಮಾಲ್ ಕೆಲಸ ಮಾಡುವುದಿಲ್ಲ. ಒದ್ದೆ ಬಟ್ಟೆ ಹೊದೆಸಿ ಫ್ಯಾನ್ ಹಾಕಿ ಮೈ ತಣಿಸಬೇಕು. ಡಾಕ್ಟರ ಬಳಿ ತೆಗೆದುಕೊಂಡದ್ದೇನು ಎಂಬುದನ್ನು ಮುಚ್ಚಿಡಬಾರದೆಂದು ಆ ಗೆಳೆಯನಿಗೆ ಈಗಲೇ ಹೇಳಿಡಿ.

ಅಪ್ಪನಿಗೆ ಹೇಳುವ ವಿಷಯ ನಿಮ್ಮ ಮನೆಯದು, ನಾನು ತೀರ್ಮಾನಿಸಲಾರೆ. ವೈದ್ಯರ ಮೊದಲ ಭೇಟಿ ಆದ ಮೇಲೆ ತಮ್ಮನೇ ಹೇಳಲಿ, ನೀವು ಪಕ್ಕದಲ್ಲಿ ಕೂತಿರಿ ಎಂಬುದು ನನ್ನ ಅನಿಸಿಕೆ. ಅಲ್ಲಿಯವರೆಗೆ ಅವನು ‘ಅರ್ಜೆಂಟು’ ಎಂದು ಕೇಳುವ ದುಡ್ಡನ್ನು ಮಾತ್ರ ಕಳಿಸಬೇಡಿ. ಬಾಡಿಗೆಯಾದರೆ ಮನೆ ಮಾಲೀಕರಿಗೇ ನೇರವಾಗಿ ಹಾಕಿ.