ಉಬ್ಬದ ಓವನ್ ಪ್ಯಾನ್‌ಕೇಕ್

ಪ್ರಶ್ನೆ: ಬೆಳಗಿನ ತಿಂಡಿಗೆಂದು ಓವನ್‌ನಲ್ಲಿ ಮಾಡುವ ಪ್ಯಾನ್‌ಕೇಕ್ ಉಬ್ಬುವುದೇ ಇಲ್ಲ. ಬೇಕಿಂಗ್ ಪೌಡರ್ ಹಾಕಬೇಕೆ?

ಉತ್ತರ: ಬೇಕಿಲ್ಲ. ಇದನ್ನು ಉಬ್ಬಿಸುವುದು ಹಿಟ್ಟಿನಲ್ಲಿರುವ ನೀರು ಆವಿಯಾಗುವ ರಭಸ. ಆ ಆವಿಯನ್ನು ಹಿಡಿದಿಡುವುದು ಮುಖ್ಯವಾಗಿ ಮೊಟ್ಟೆ. 3 ಮೊಟ್ಟೆ, ಅರ್ಧ ಕಪ್ ಮೈದಾ, ಅರ್ಧ ಕಪ್ ಹಾಲು ಹಾಗೂ ಚಿಟಿಕೆ ಉಪ್ಪನ್ನು ಗಂಟಿಲ್ಲದಂತೆ ಕಲಸಿ ಕಾಲು ಗಂಟೆ ಬಿಟ್ಟು, ಅಷ್ಟರಲ್ಲಿ ಕಬ್ಬಿಣದ ಬಾಣಲೆಯನ್ನು 220 ಡಿಗ್ರಿ ಸೆಲ್ಸಿಯಸ್‌ನ ಓವನ್‌ನೊಳಗೇ ಕಾಯಲು ಇಡಿ. ತಪ್ಪಾಗುವುದು ಬಹುಮಟ್ಟಿಗೆ ಇಲ್ಲಿಯೇ: ಬೆಣ್ಣೆ ಹಾಕಿದೊಡನೆ ಚುರ್ರೆಂದು ನೊರೆಯೇಳದಿದ್ದರೆ ಬಾಣಲೆ ಇನ್ನೂ ಕಾದಿಲ್ಲವೆಂದೇ ಅರ್ಥ. ಹಿಟ್ಟು ಸುರಿದ ಮೇಲೆ, ಎಷ್ಟೇ ಕುತೂಹಲವಿದ್ದರೂ, 18 ನಿಮಿಷಗಳವರೆಗೆ ಓವನ್‌ನ ಬಾಗಿಲು ತೆರೆಯಬೇಡಿ. ಅಂಚು ಬಾಣಲೆಗಿಂತ ಮೇಲೇರಿ ಕಂದುಬಣ್ಣಕ್ಕೆ ತಿರುಗಿದಾಗ ಹೊರತೆಗೆಯಿರಿ. ಕ್ಷಣಮಾತ್ರದಲ್ಲಿ ನಡುಭಾಗ ಕುಸಿಯುವುದು ಸಹಜವೇ ಹೊರತು ದೋಷವಲ್ಲ.